ಇಳಿಜಾರಿನ ಊರಲ್ಲೊಂದು ಮಟ್ಟಸ ನೆಲ

ನಸುಕಿನ ಫಜರ್ ನಮಾಜು ಮುಗಿಸಿ ಬಂದವರ ಹೆಜ್ಜೆಸದ್ದು ಮೆಟ್ಟಿಲುಗಳಲ್ಲಿ ಇಳಿದು ಕರಗುವ ಹೊತ್ತಿಗೆ ಅಬು ದಿಯಾಬ್ ಅಂಗಡಿಯ ಶಟರ್ ಎತ್ತುತ್ತಾರೆ. ಮೊದಲ ಕೆಲಸ ಪೊರಕೆಯದು. ಅಂಗಡಿಯೆದುರು ಒಂದು ಸಣ್ಣ ಕಾರು ನಿಂತರೆ ತುಂಬಿಹೋಗುವಷ್ಟು ಸಿಮೆಂಟು ನೆಲ. ಅದನ್ನು ಮೂಲೆಮೂಲೆ ಗುಡಿಸುತ್ತಾರೆ. ಚಕ್ರದಡಿ ಒಂದು ಕಲ್ಲಿನ ಹರಳು ಉಳಿದರೂ ಅವರಿಗೆ ಆಗದು. ಆಮೇಲೆ ಮರಮಿಯ್ಯಾ ಸೊಪ್ಪು ಹಾಕಿದ ಚಹಾವನ್ನು ಲೋಟದ ಅಂಚಿನವರೆಗೂ ಬಗ್ಗಿಸಿ ಆ ನೆಲದ ನಟ್ಟನಡುವೆ ಇಡುತ್ತಾರೆ. ಕುಕ್ಕರಗಾಲಲ್ಲಿ ಕೂತು, ಚಹಾ ಯಾವ ಬದಿಗೂ ವಾಲದೆ ನಿಂತಿದೆಯೇ ಎಂದು ನೋಡುತ್ತಾರೆ. ನೆಲ ಇವತ್ತೂ ಕದಲಿಲ್ಲವೆಂದು ಖಾತ್ರಿಯಾದ ಮೇಲೆಯೇ ಲೋಟ ಬಾಯಿಗೆ ಹೋಗುವುದು.

ಅಮ್ಮಾನಿನ ಈ ಜೋಫೆ ಗುಡ್ಡದಲ್ಲಿ ಇಂಥ ನೆಲ ಇನ್ನೊಂದಿಲ್ಲ. ನಮ್ಮಲ್ಲಿ ಬೀದಿಯೆಂದರೆ ಒಂದೋ ಏರು, ಇಲ್ಲವೇ ಇಳಿವು. ಕಾರು ನಿಲ್ಲಿಸಿದವರು ಚಕ್ರಕ್ಕೆ ಕಲ್ಲು ಕೊಟ್ಟೇ ಮನೆಯೊಳಗೆ ಹೋಗುತ್ತಾರೆ. ಮದುವೆ ಮನೆಯ ಕುರ್ಚಿ ಕಾಲಿಗೂ ಇಟ್ಟಿಗೆ ಚೂರು ಬೇಕಾಗುತ್ತದೆ. ನಾಲ್ಕಾರು ಜನರನ್ನು ಒಟ್ಟಿಗೆ ತುಂಬಿಕೊಂಡು ಗುಡ್ಡ ಹತ್ತಿಳಿಯುವ ಬಿಳಿ ಸರ್ವೀಸ್ ಟ್ಯಾಕ್ಸಿಗಳೆಲ್ಲ ದಿನದ ಮೊದಲ ಸವಾರಿಗೆ ಮುಂಚೆ ಇಲ್ಲಿಗೆ ಬಂದು ಎಂಜಿನ್ ಆಯಿಲ್ ನೋಡಿಸಿಕೊಂಡು ಹೋಗುತ್ತಿದ್ದ ಕಾಲವೊಂದಿತ್ತು. ಸಾಲು ಬೇಕರಿಯ ತಿರುವಿನವರೆಗೆ ಬೆಳೆಯುತ್ತಿತ್ತು. ಚಾಲಕರು ಎಳ್ಳಿನ ಕಾಅಕ್ ರೊಟ್ಟಿಗೆ ಬೇಯಿಸಿದ ಮೊಟ್ಟೆ, ಝಾತರ್ ಪುಡಿ ಒತ್ತಿಕೊಂಡು ತಿನ್ನುತ್ತ, ಒಬ್ಬರ ಹೆಂಡತಿಯ ತಮ್ಮನನ್ನು ಇನ್ನೊಬ್ಬರು ಬೈಯುತ್ತ ನಿಂತಿರುತ್ತಿದ್ದರು. ಇವತ್ತು ನಿಂತಿರುವುದು ಒಂದೇ ಕಾರು. ಅದು ಟ್ಯಾಕ್ಸಿಯಲ್ಲ. ಗುಡ್ಡದ ಹಿರಿಯರೊಬ್ಬರ ಹಳೆಯ ಸಣ್ಣ ಕಾರು. ಎಲ್ಲರೂ ಹಾಜಿ ಎನ್ನುವ ಆ ಹಿರಿಯರು ಕಾರಿನಿಂದ ಇಳಿಯುವುದಿಲ್ಲ. ಸ್ಟೀರಿಂಗ್ ಮೇಲೆ ಎರಡೂ ಕೈಯಿಟ್ಟು ಮುಂದಕ್ಕೆ ನೋಡುತ್ತ ಕೂತಿದ್ದಾರೆ.

ಅಬು ದಿಯಾಬ್ ಎಂಜಿನ್ ಆಫ್ ಮಾಡಿಸಿ, ಕೀಲಿ ಇಸಿದುಕೊಂಡು ತಮ್ಮ ಜೇಬಿಗೆ ಹಾಕಿಕೊಳ್ಳುತ್ತಾರೆ. ಎಣ್ಣೆಯ ಮುಚ್ಚಳ ತೆರೆದಿರುವಾಗ ಯಾರೂ ಮರೆತು ಚಾಲೂ ಮಾಡಬಾರದು. ಕೆಲಸ ಮುಗಿದು ಮುಚ್ಚಳ ಬಿಗಿಯುವವರೆಗೆ ಯಾರ ಕೀಲಿಯೂ ಆ ಜೇಬಿನಿಂದ ಹೊರಬರದು. ಆಮೇಲೆ ಕಾಯುತ್ತಾರೆ. ಓಡಿದ ಎಂಜಿನ್ನಿನ ಮೇಲ್ಭಾಗದಲ್ಲಿ ಮೆತ್ತಿಕೊಂಡ ಎಣ್ಣೆ ತೊಟ್ಟಿಕ್ಕಿ ಕೆಳಗಿನ ಚೇಂಬರಿಗೆ ಇಳಿಯಬೇಕು. ಚಳಿಗಾಲದಲ್ಲಿ ಅದಕ್ಕೆ ಇನ್ನೂ ಹೊತ್ತು ಬೇಕು. ಹಿಂದೆ ಅವಸರ ಮಾಡುತ್ತಿದ್ದ ಚಾಲಕರಿಗೆ, ಹೆರಿಗೆ ಕೋಣೆ ಬಾಗಿಲಲ್ಲಿ ನಿಂತ ಗಂಡನ ಹಾಗೆ ಒದ್ದಾಡಬೇಡ, ಚಹಾ ಕುಡಿ ಅನ್ನುತ್ತಿದ್ದರಂತೆ. ಈಗ ಹಾಗೆ ಅನ್ನಿಸಿಕೊಳ್ಳಲು ಯಾರೂ ಇಲ್ಲ.

ಬಾನೆಟ್ ಎತ್ತಿ, ಅಳತೆಯ ಕಡ್ಡಿ ಎಳೆಯುತ್ತಾರೆ. ಅದನ್ನು ನೋಡುವುದೇ ಇಲ್ಲ. ನೂಲು ಬಿಡದ ಹಳೆಯ ಬಟ್ಟೆಯಲ್ಲಿ ಒರೆಸಿ, ಮತ್ತೆ ಕೊನೆ ಮುಟ್ಟುವವರೆಗೆ ತಳ್ಳಿ, ಎರಡನೇ ಸಲ ಎಳೆದದ್ದನ್ನು ಮಲಗಿಸಿ ಹಿಡಿದು ಎರಡೂ ಮಗ್ಗುಲು ನೋಡುತ್ತಾರೆ. "ಮೊದಲ್ನೇ ಸಲ ಬಂದ ಕಡ್ಡಿ ಸಾಕ್ಷಿ ಹೇಳೋಕೆ ಬಂದ ಭಾಮೈದನ ಹಾಗೆ ತಾಯಿ" ಎಂದು, ಪತ್ರಿಕೆಗೆ ಬರೆದುಕೊಳ್ಳಲು ಬಂದ ನನಗೆ ಹೇಳುತ್ತಾರೆ. "ಎಲ್ಲಾ ಕಡೆ ಮೆತ್ತಿಕೊಂಡಿರುತ್ತೆ. ಒರೆಸಿ ಇನ್ನೊಂದ್ಸಲ ಕೇಳ್ಬೇಕು."

ಕಡ್ಡಿಯ ಮೇಲೆ ಎರಡು ಗೆರೆ. ಕೆಳಗಿನದು ಹಸಿವು, ಮೇಲಿನದು ಅಜೀರ್ಣ, ನಡುವೆ ಇದ್ದರೆ ಸಂಸಾರ ನಡೆಯುತ್ತದೆ ಎಂಬುದು ಅವರ ಮಾತು. ಹಾಜಿಯ ಕಾರಿನಲ್ಲಿ ಎಣ್ಣೆ ಕೆಳಗಿನ ಗೆರೆಗಿಂತ ತುಸುವೇ ಮೇಲಿದೆ. ಈ ಕಾರಿಗೆ ಯಾವ ಎಣ್ಣೆಯೋ ಅದೇ ಡಬ್ಬಿ ತಂದು, ಮುಚ್ಚಳದ ಸುತ್ತಲಿನ ಧೂಳು ಮೊದಲು ಒರೆಸಿ, ಲಾಳಿಕೆಯಿಟ್ಟು ಒಂದು ಚಹಾ ಲೋಟದಷ್ಟು ಬಗ್ಗಿಸುತ್ತಾರೆ. ಮತ್ತೆ ಕಾಯುತ್ತಾರೆ, ಮತ್ತೆ ಕಡ್ಡಿ, ಮತ್ತೆ ಬಟ್ಟೆ. ಇನ್ನೊಂದು ಗುಟುಕು. ಸಾಕು. ಕಡಿಮೆಯಾದರೆ ಇನ್ನಷ್ಟು ಹಾಕಬಹುದು, ಹೆಚ್ಚಾದದ್ದನ್ನು ತೆಗೆಯುವುದು ಕಷ್ಟ. ತೆಗೆಯದೆ ಓಡಿಸಿದರೆ ಒಳಗಿನ ತಿರುಗಣೆ ಅದನ್ನು ಮಜ್ಜಿಗೆ ಕಡೆದ ಹಾಗೆ ಕಡೆಯುತ್ತದೆ. ನೊರೆ ಏಳುತ್ತದೆ. ನೊರೆ ಲೋಹವನ್ನು ಕಾಯದು. ಒತ್ತಡಕ್ಕೆ ಸೀಲು ಕಿತ್ತುಹೋಗಿ ಎಣ್ಣೆಯೆಲ್ಲ ಬೀದಿಪಾಲಾಗುತ್ತದೆ. ಇದನ್ನು ಹೇಳುವಾಗ ಅಬು ದಿಯಾಬ್ ದನಿ ತಗ್ಗಿಸುತ್ತಾರೆ. ಹಾಜಿ ಇನ್ನೂ ಮುಂದಕ್ಕೇ ನೋಡುತ್ತಿದ್ದಾರೆ.

ಅವಾದ್ ಎಂಬ ಅವರ ಹೆಸರು ಗುರುತಿನ ಚೀಟಿಯಲ್ಲಷ್ಟೇ ಉಳಿದಿದೆ. ಹಿರಿಮಗ ದಿಯಾಬ್ ಹುಟ್ಟಿದ ದಿನದಿಂದ ಅವರು ದಿಯಾಬನ ಅಪ್ಪ. ಆ ಮಗ ಈಗ ಅಕಾಬಾ ಬಂದರಿನಲ್ಲಿದ್ದಾನೆ. ಅಬು ದಿಯಾಬ್ ಕೆಲಸ ಕಲಿತದ್ದು ಕುವೈತಿನ ಗ್ಯಾರೇಜೊಂದರಲ್ಲಿ. ಅಲ್ಲಿ ಯುದ್ಧವಾದ ವರ್ಷ ನಮ್ಮವರೆಲ್ಲರ ಹಾಗೆ ಅವರೂ ಬರಿಗೈಯಲ್ಲಿ ಅಮ್ಮಾನಿಗೆ ಬಂದರು. ಹೆಂಡತಿ, ಕೂಸು, ಕಾರಿನ ತಲೆಯ ಮೇಲೊಂದು ಹಾಸಿಗೆ. ಆಗ ಕರೆದು ತಮ್ಮ ಮನೆಯಿಂದ ತುಸು ಕೆಳಗಿದ್ದ ತಮ್ಮದೇ ಮಳಿಗೆಯ ಬಾಗಿಲು ತೆರೆದುಕೊಟ್ಟವರು ಇದೇ ಹಾಜಿ. ಮೊದಲ ರಾತ್ರಿಯ ರೊಟ್ಟಿ, ಉಪ್ಪು, ಆಲಿವ್ ಎಣ್ಣೆ ಬಂದದ್ದು ಅವರ ಮನೆಯಿಂದ. ಮಳಿಗೆಯೆದುರಿನ ನೆಲ ಮಾತ್ರ ಗುಡ್ಡದ ಉಳಿದ ನೆಲದಂತೆಯೇ ಓರೆಯಾಗಿತ್ತು. ಅಬು ದಿಯಾಬ್ ಒಂದು ಬದಿ ಅಗೆದು, ಇನ್ನೊಂದು ಬದಿ ಕಲ್ಲು ತುಂಬಿ, ಗಾರೆಯವರಿಂದ ರಸಮಟ್ಟ ಕಡ ತಂದು, ಎರಡು ಸಲ ಹಾಕಿದ ಸಿಮೆಂಟನ್ನು ಎರಡು ಸಲ ಒಡೆದು, ಮೂರನೇ ಸಲಕ್ಕೆ ಒಪ್ಪಿಕೊಂಡರು.

ಅಷ್ಟು ಕಷ್ಟ ಯಾಕೆಂದರೆ, ಗುಡ್ಡದವರೆಲ್ಲ ಒಂದೇ ತಪ್ಪು ಮಾಡುತ್ತಾರೆ. ಮನೆಬಾಗಿಲಲ್ಲಿ ಮೂತಿ ಮೇಲಾಗಿ ನಿಂತ ಕಾರಿನ ಬಾನೆಟ್ ಎತ್ತಿ ಕಡ್ಡಿ ಎಳೆಯುತ್ತಾರೆ. ಹಾಗೆ ನಿಂತ ಕಾರಿನಲ್ಲಿ ಎಣ್ಣೆ ಚೇಂಬರಿನ ಹಿಂಬದಿಗೆ ಓಡಿಹೋಗಿರುತ್ತದೆ. ಮುಂದಿರುವ ಕಡ್ಡಿಗೆ ಸಿಗುವುದಿಲ್ಲ. ಇದ್ದ ಎಣ್ಣೆಯನ್ನು ಕಡ್ಡಿ ಇಲ್ಲವೆನ್ನುತ್ತದೆ. ಗಾಬರಿಯಾದವರು ಡಬ್ಬಿ ತಂದು ಸುರಿಯುತ್ತಾರೆ.

ಎರಡು ಚಳಿಗಾಲದ ಹಿಂದೆ ಶಾಹೆರ್ ಎಂಬ ಸರ್ವೀಸ್ ಚಾಲಕನ ಕಾರು ಹಾಳಾದದ್ದು ಹೀಗೆಯೇ. ಅವನು ಅಬು ದಿಯಾಬ್ ಹತ್ತಿರ ಎಣ್ಣೆ ಬದಲಿಸಿಕೊಂಡು ಹೋಗಿದ್ದ. ಮರುದಿನ ಬೆಳಿಗ್ಗೆ ಜನ ತುಂಬಿಕೊಂಡು ಏರು ಹತ್ತುವಾಗ ಹಿಂದೆ ನೀಲಿ ಹೊಗೆ ಕಂಡಿತು. ಕೆಂಪು ದೀಪ ಹತ್ತಿದರೂ, ಸವಾರಿಯನ್ನು ನಡುದಾರಿಯಲ್ಲಿ ಇಳಿಸುವುದು ಹೇಗೆಂದು ಎಳೆದ. ಗುಡ್ಡದ ನೆತ್ತಿಯ ಹತ್ತಿರ ಎಂಜಿನ್ ಬಿಗಿದುಕೊಂಡು ಸೀಜ್ ಆಯಿತು. ಬಿಚ್ಚಿದ ಮೆಕ್ಯಾನಿಕ್, ಒಳಗೆಲ್ಲ ನೊರೆ, ಅಳತೆ ಮೀರಿ ಎಣ್ಣೆ ಸುರಿದಿದ್ದಾರೆ ಎಂದ. ಸುರಿದವರು ಯಾರು? ಕೊನೆಗೆ ಕಾರು ಮುಟ್ಟಿದವರು ಅಬು ದಿಯಾಬ್. ಗುಡ್ಡಕ್ಕೆ ಅಷ್ಟು ಸಾಕಾಯಿತು.

ಶಾಹೆರನ ತಮ್ಮಂದಿರು ಅಂಗಡಿಯೆದುರು ಬಂದು ನಿಂತರು. ಕೈ ಮೀರುವ ಮುಂಚೆ ಹಿರಿಯರು ಜಾಹ ಹೋಗುವುದೆಂದು ತೀರ್ಮಾನಿಸಿದರು. ಜಾಹ ಎಂದರೆ ನೊಂದವರ ಮನೆಗೆ ಹಿರಿಯರು ಗುಂಪಾಗಿ ಹೋಗಿ ಕ್ಷಮೆ ಬೇಡುವುದು. ಬೇಡಿದ ಹೊತ್ತಿಗೇ ತಪ್ಪು ಒಪ್ಪಿದಂತೆ. ಮುಂದೆ ನಿಂತು ಮಾತಾಡಿದವರು ಹಾಜಿ. ಅಬು ದಿಯಾಬ್ ತಲೆ ತಗ್ಗಿಸಿ ಹಿಂದಿನ ಸಾಲಿನಲ್ಲಿ ಕೂತಿದ್ದರು. ಸಕ್ಕರೆಯಿಲ್ಲದ ಕಾಫಿ ಬಂತು. ಬೇಡಿದ್ದು ಸಿಗುವವರೆಗೆ ಅದನ್ನು ಮುಟ್ಟುವಂತಿಲ್ಲ. ಹಾಜಿ ಬಟ್ಟಲನ್ನು ಎದುರಿಗಿಟ್ಟು, ನಮ್ಮವನ ಕೈ ತಪ್ಪಿದೆ, ನಿಮ್ಮ ಮನಸ್ಸು ದೊಡ್ಡದು ಎಂದರಂತೆ. ಶಾಹೆರನ ಅಪ್ಪ, ಕಾಫಿ ಕುಡಿಯಿರಿ ಎಂದರು. ಎಲ್ಲರೂ ಕುಡಿದರು. ಅಲ್ಲಿಗೆ ಮಾತು ಮುಗಿಯಿತು. ಆ ಕಾಫಿ ಕುಡಿದವರು ಆ ಮಾತನ್ನು ಮತ್ತೆ ಎತ್ತುವಂತಿಲ್ಲ. ಊರೆಲ್ಲ ಅಲೆದು ಹಳೆಯ ಎಂಜಿನ್ನೊಂದನ್ನು ಹುಡುಕಿ ಶಾಹೆರನ ಕಾರಿಗೆ ಹಾಕಿಸಿಕೊಟ್ಟವರು ಅಬು ದಿಯಾಬ್.

ಕ್ಷಮೆ ಸಿಕ್ಕಿತು, ಕಳೆದ ಹೆಸರು ಮರಳಿ ಸಿಗಲಿಲ್ಲ. ಚಾಲಕರು ಕಣಿವೆಯ ಪೆಟ್ರೋಲ್ ಬಂಕಿನ ಹಾದಿ ಹಿಡಿದರು. ಹಾದುಹೋಗುವಾಗ ಕಿಟಕಿಯಿಂದ, "ಹೇಗಿದೀಯ, ಅಬು ಗ್ಯಾಲನ್? ಇವತ್ತು ಯಾರ ಎಂಜಿನ್‌ಗೆ ಸ್ನಾನ?" ಎನ್ನುತ್ತಾರೆ. ದಿಯಾಬನ ಅಪ್ಪನಾಗಿದ್ದವರು ಗ್ಯಾಲನ್‌ನ ಅಪ್ಪನಾದರು. ಅವರು ಕೈಯೆತ್ತಿ ಸಲಾಮು ಹೇಳುತ್ತಾರೆ. ಈಗ ದಿನಕ್ಕೆ ನಾಲ್ಕೈದು ಕಾರು ಬಂದರೆ ಹೆಚ್ಚು; ಹೆಚ್ಚಿನವು ದಾರಿ ತಪ್ಪಿ ಬಂದ ಬೇರೆ ಗುಡ್ಡದವರವು.

ಆ ರಾತ್ರಿಯ ಬಗ್ಗೆ ಅಬು ದಿಯಾಬ್ ಅವರನ್ನು ಕೇಳಿದರೆ, ಕಾಫಿ ಕುಡಿದಾಗಿದೆ ತಾಯಿ, ಎಂದಷ್ಟೇ ಹೇಳಿ ಲಾಳಿಕೆ ಒರೆಸತೊಡಗುತ್ತಾರೆ. ಎಣ್ಣೆ ನೋಡುವುದು ಹೇಗೆಂದು ಬರಿ, ಉಳಿದದ್ದು ಬೇಡ ಅನ್ನುತ್ತಾರೆ. ಹಾಜಿಯ ಹೆಸರು ಬರೆಯಬಾರದೆಂಬುದು ಅವರ ಷರತ್ತು. ಉಳಿದದ್ದನ್ನು ಹೇಳಿದವರು ಅವರ ಹೆಂಡತಿ, ಉಮ್ಮ್ ದಿಯಾಬ್. ಮಳಿಗೆಯ ಮೇಲಿನ ತಮ್ಮ ಮನೆಯ ತಾರಸಿಯಲ್ಲಿ ಬಟ್ಟೆ ಹರವುತ್ತ, ಬಾಯಲ್ಲಿದ್ದ ಕ್ಲಿಪ್ಪು ತೆಗೆದು, "ಜಾಹಕ್ಕೆ ಹೋದೋರು ಗಂಡಸರು. ಆ ಕಾಫಿ ನನ್ನ ಗಂಟಲಲ್ಲಿ ಇಳಿದಿಲ್ಲ. ನನ್ನ ಬಾಯಿ ಕಟ್ಟೋರು ಯಾರು?" ಎಂದರು.

ಅವರು ಕಂಡದ್ದು ಇದೇ ತಾರಸಿಯಿಂದ. ಶಾಹೆರ್ ರಾತ್ರಿ ಕಾರು ನಿಲ್ಲಿಸುತ್ತಿದ್ದುದು ಹಾಜಿಯ ಬಾಗಿಲಲ್ಲಿ, ಮೂತಿ ಮೇಲಾಗಿ. ಬೇಕಾದಾಗ ಸರಿಸಲೆಂದು ಕೀಲಿ ಹಾಜಿಯ ಹತ್ತಿರವೇ ಇರುತ್ತಿತ್ತು. ಫಜರ್ ಮುಗಿಸಿ ಬಂದ ಹಾಜಿ ಬೀದಿಯ ಕಾರುಗಳ ಯೋಗಕ್ಷೇಮ ನೋಡುವವರು. ಟೈರು ಒದ್ದು ನೋಡುವುದು, ನೀರು ಇಳಿದಿದ್ದರೆ ತುಂಬುವುದು. ಯಾರಿಗೂ ಹೇಳುವುದಿಲ್ಲ. ಬಲಗೈ ಕೊಟ್ಟದ್ದು ಎಡಗೈಗೆ ತಿಳಿಯಬಾರದೆಂದು ನಂಬಿ ಬದುಕಿದವರು. ಆ ಬೆಳಿಗ್ಗೆ ಶಾಹೆರನ ಕಾರಿನ ಕಡ್ಡಿ ಎಳೆದರು, ಬೆರಳಿಗೆ ಎಣ್ಣೆ ಹತ್ತಲಿಲ್ಲ. ತಮ್ಮ ಮನೆಯ ಡಬ್ಬಿ ತಂದು ಸುರಿದರು. ಮತ್ತೆ ನೋಡಿದರು, ಮತ್ತೆ ಸುರಿದರು. ಡಬ್ಬಿ ಬರಿದಾಗುವವರೆಗೆ. ಬಾನೆಟ್ ಮುಚ್ಚಿ, ಕೈ ಒರೆಸಿಕೊಂಡು, ದೇವರ ಹೆಸರು ಹೇಳಿ ಒಳಗೆ ಹೋದರು.

ಜಾಹಕ್ಕೆ ಮುಂಚೆಯೇ ಉಮ್ಮ್ ದಿಯಾಬ್ ಇದನ್ನು ಗಂಡನಿಗೆ ಹೇಳಿದ್ದರು. ಅವರು, ಬೇಡುವುದಕ್ಕೆ ಎದ್ದು ನಿಂತವರನ್ನೇ ತಪ್ಪಿತಸ್ಥರ ಸಾಲಿಗೆ ಕೂರಿಸಿದರೆ ನಾಳೆ ಈ ಗುಡ್ಡದಲ್ಲಿ ಯಾರಿಗಾಗಿ ಯಾರು ಬೇಡಲು ಹೋಗುತ್ತಾರೆ ಎಂದರಂತೆ. ಅವರ ಉಪ್ಪು ತಿಂದಿದ್ದೇವೆ ಎಂದೂ ಅಂದರಂತೆ. "ಉಪ್ಪಿನ ಋಣ ಅಂತಾರೆ ಇವರು" ಎಂದು ಉಮ್ಮ್ ದಿಯಾಬ್ ಒದ್ದೆ ಅಂಗಿಯೊಂದನ್ನು ಝಾಡಿಸಿದರು. "ಮಳಿಗೆನೂ ಅವರದ್ದೇ. ಋಣ ಎಲ್ಲಿ ಮುಗೀತು, ಭಯ ಎಲ್ಲಿ ಶುರುವಾಯ್ತು, ನಂಗಂತೂ ಗೊತ್ತಾಗ್ಲಿಲ್ಲ."

ಹಾಜಿಗೆ ಗೊತ್ತೇ? ಉಮ್ಮ್ ದಿಯಾಬರ ಪ್ರಕಾರ ಆಗ ಗೊತ್ತಿರಲಿಲ್ಲ, ಆಮೇಲೆ ಗೊತ್ತಾಯಿತು. ಅದಕ್ಕೇ ಈಗ ಅವರು ಯಾರ ಬಾನೆಟ್ಟೂ ಎತ್ತುವುದಿಲ್ಲ. ತಮ್ಮ ಕಾರಿನ ಎಣ್ಣೆಯನ್ನೂ ಮನೆಬಾಗಿಲಲ್ಲಿ ನೋಡುವುದಿಲ್ಲ. ವಾರಕ್ಕೊಮ್ಮೆ, ಬೀದಿಯಲ್ಲಿ ಯಾರೂ ಇಲ್ಲದ ಹೊತ್ತಿಗೆ, ಈ ಮಟ್ಟಸ ನೆಲಕ್ಕೆ ಬರುತ್ತಾರೆ. ಕಾಫಿ ಕುಡಿದ ಬಾಯಿ ಅವರದ್ದೂ.

ಇವತ್ತು ಬೆಳಿಗ್ಗೆ ಕೆಲಸ ಮುಗಿಯುತ್ತದೆ. ಅಬು ದಿಯಾಬ್ ಮುಚ್ಚಳ ಬಿಗಿದು, ಕಡ್ಡಿ ಪೂರ್ತಿ ಕೂತಿದೆಯೇ ಎಂದು ಒತ್ತಿ ನೋಡಿ, ಕೀಲಿ ಕೊಟ್ಟು ಚಾಲೂ ಮಾಡಿಸುತ್ತಾರೆ. ಕೆಂಪು ದೀಪ ಆರುತ್ತದೆ. ಬಗ್ಗಿ ಕಾರಿನಡಿ ನೋಡುತ್ತಾರೆ, ಒಂದು ತೊಟ್ಟೂ ಸೋರಿಲ್ಲ. "ಎರಡು ಗೆರೆ ನಡುವೆ ಇದೆ, ಹಾಜಿ" ಎನ್ನುತ್ತಾರೆ. ಎಂದಿನಂತೆ ಹಾಜಿ ತಲೆಯಾಡಿಸಿ ಹೊರಡಬೇಕು. ಹೊರಡುವುದಿಲ್ಲ. ಗೋಡೆಗೆ ಒರಗಿ ನಿಂತ ನನ್ನನ್ನು ನೋಡಿ, ಈ ಮಗು ಏನು ಬರೆದುಕೊಳ್ಳುತ್ತಿದೆ ಎಂದು ಕೇಳುತ್ತಾರೆ. ಎಣ್ಣೆ ನೋಡುವುದು ಹೇಗೆಂದು ಪತ್ರಿಕೆಗೆ ಬರೆಯುತ್ತಾಳಂತೆ ಎನ್ನುತ್ತಾರೆ ಅಬು ದಿಯಾಬ್.

ಹಾಜಿ ಸ್ಟೀರಿಂಗಿನ ಮೇಲಿನ ತಮ್ಮ ಕೈಗಳನ್ನೇ ನೋಡುತ್ತಾರೆ. ಕೆಳಗೆಲ್ಲೋ ಸಿಲಿಂಡರ್ ಮಾರುವ ಗ್ಯಾಸ್ ಲಾರಿ ನುಡಿಸುವ ರಾಗ ಶುರುವಾಗುತ್ತದೆ.

"ಇಳಿಜಾರಲ್ಲಿ ನೋಡ್ಬಾರದು ಅಂತ ಬರಿ" ಎನ್ನುತ್ತಾರೆ. "ಮೊದಲ್ನೇ ಸಾಲಲ್ಲೇ ಬರಿ."

ಕಾರು ಇಳಿದುಹೋಗುತ್ತದೆ. ಬೇಕರಿಯ ತಿರುವಿನಲ್ಲಿ ಆಗಷ್ಟೇ ಸರ್ವೀಸ್ ಟ್ಯಾಕ್ಸಿಗಳು ಕಣಿವೆಗೆ ಹೊರಟಿವೆ. ಆ ಮಾತು ಕೇಳಿದವರು ನಾವಿಬ್ಬರೇ. ಅಲ್ಲ, ಮೂವರು. ತಾರಸಿಯಿಂದ ಉಮ್ಮ್ ದಿಯಾಬ್ ದನಿ ಬರುತ್ತದೆ. ಜಾಹದಲ್ಲಿ ನಲವತ್ತು ಗಂಡಸರ ನಡುವೆ ಬಾರದ ಮಾತು ಒಂದು ಹುಡುಗಿಯ ಮುಂದೆ ಬಂತೇ ಎಂದು ಕೇಳುತ್ತಾರೆ. ಅಬು ದಿಯಾಬ್ ಮೇಲೆ ನೋಡುವುದಿಲ್ಲ.

ಏನಾದರೂ ಆಸೆಯಿದೆಯೇ ಎಂದು ಕೇಳುತ್ತೇನೆ. ಸಾಲು ಮತ್ತೆ ತಿರುವಿನವರೆಗೆ ಬರಲಿ ಅನ್ನಬಹುದು, ಶಾಹೆರ್ ಒಮ್ಮೆ ಬರಲಿ ಅನ್ನಬಹುದು ಎಂದುಕೊಂಡು ಕಾಯುತ್ತೇನೆ. ಅವರು ಹಾಜಿಯ ಕಾರಿನ ಚಕ್ರ ಬಿಟ್ಟುಹೋದ ಮಣ್ಣನ್ನು ಗುಡಿಸಿ ತೆಗೆಯುತ್ತಾರೆ. ಲೋಟಕ್ಕೆ ಅಂಚಿನವರೆಗೆ ನೀರು ತುಂಬಿ ತಂದು ನೆಲದ ನಡುವೆ ಇಟ್ಟು, ನನಗೆ ಜಾಗ ಬಿಟ್ಟು ಪಕ್ಕಕ್ಕೆ ಸರಿಯುತ್ತಾರೆ.

"ನನ್ನ ನೆಲ ಸಮ ಇದೆ, ತಾಯಿ" ಎನ್ನುತ್ತಾರೆ. "ನೀನೇ ಕೂತು ನೋಡು."