ನಮ್ಮಿಬ್ಬರ ನಡುವಿನ ಜೋಡಿ ಗೆರೆ

ತೊಂಬತ್ತರ ದಶಕದ ಮಧ್ಯಭಾಗ. ಆವತಿಯಿಂದ ದಿನಾ ಬಸ್ಸು ಹತ್ತಿ ಬೆಂಗಳೂರಿಗೆ ಹೋಗಿ, ವಿಮಾನದ ರೆಕ್ಕೆ ಯಾವ ವೇಗದಲ್ಲಿ ನಡುಗಲು ಶುರುಮಾಡುತ್ತದೆ ಎಂದು ಲೆಕ್ಕ ಹಾಕುವುದು ನನ್ನ ಕೆಲಸ. ಏರೋಇಲಾಸ್ಟಿಸಿಟಿ ಎಂದರೆ ಊರಲ್ಲಿ ಯಾರೂ ಎರಡನೇ ಪ್ರಶ್ನೆ ಕೇಳುತ್ತಿರಲಿಲ್ಲ. ಅದೂ ಒಂದು ಅನುಕೂಲವೇ.

ಮನೆಯಲ್ಲಿ ಒಂಬತ್ತು ವರ್ಷದ ಮಗಳು ಓಡಿದರೆ ತೂರಾಡಿ ಬೀಳುತ್ತಿದ್ದಳು. ವಂಶದಿಂದ ಬಂದದ್ದಿರಬಹುದು ಎಂದರು ಡಾಕ್ಟರು. ನಾನು ಅಕ್ಕನ ಮಗಳನ್ನೇ ಮದುವೆಯಾದವನು. ನಮ್ಮ ಕಡೆ ಸೋದರಮಾವನಿಗೆ ಅದು ಹಕ್ಕು. ಅದರಲ್ಲಿ ಯೋಚಿಸುವಂಥದ್ದು ಏನೂ ಕಂಡಿರಲಿಲ್ಲ.

ಹೆಂಡತಿಯ ತಮ್ಮ ಜೀನೋಮಿಕ್ಸ್ ಓದುತ್ತಿದ್ದ, ವಂಶವಾಹಿಗಳನ್ನು ಅಕ್ಷರ ಅಕ್ಷರವಾಗಿ ಓದುವ ವಿದ್ಯೆ. ಒಂದು ಭಾನುವಾರ ನರ್ಸೊಬ್ಬರನ್ನು ಕರೆತಂದು ಎಲ್ಲರ ರಕ್ತ ತೆಗೆಸಿದ. ಆಮೇಲೆ ಜಗಲಿಯಲ್ಲಿ ಕೂತು ವಂಶವೃಕ್ಷ ಬರೆದ. ಗಂಡಸರಿಗೆ ಚೌಕ, ಹೆಂಗಸರಿಗೆ ವೃತ್ತ. ನನ್ನ ಚೌಕಕ್ಕೂ ಹೆಂಡತಿಯ ವೃತ್ತಕ್ಕೂ ನಡುವೆ ಜೋಡಿ ಗೆರೆ ಎಳೆದ. ರಕ್ತಸಂಬಂಧದಲ್ಲಿ ಮದುವೆಯಾದವರಿಗೆ ಹಾಗೆಯೇ ಎಳೆಯುತ್ತಾರಂತೆ. ಕಾಯಿಲೆ ಇರುವವರ ಗುರುತೆಂದು ಮಗಳ ವೃತ್ತಕ್ಕೆ ಪೂರ್ತಿ ಶಾಯಿ ತುಂಬಿದ.

ಅಮ್ಮ ಹಾಳೆ ನೋಡಿ ಹೆಮ್ಮೆಯಿಂದಲೇ ಅಂದಳು, "ನೋಡಪ್ಪಾ, ಹೊರಗಿನೋರು ಒಬ್ರೂ ಇಲ್ಲ. ಎಲ್ಲಾ ನಮ್ ನಮ್ಮಲ್ಲೇ."

ನನಗೆ ಸಿಟ್ಟೂ ಬರಲಿಲ್ಲ, ಅಳುವೂ ಬರಲಿಲ್ಲ. ಕೆಲಸದ ಪ್ರಶ್ನೆಯೊಂದು ಬಂತು, ಹೆಂಡತಿಯ ತಮ್ಮನನ್ನು ಕೇಳಿದೆ.

"ರೆಕ್ಕೆ ನಡುಗಿದ್ರೆ ನಾವು ಮುಂದಕ್ಕೆ ಒಂದಿಷ್ಟು ತೂಕ ಕೂರಿಸ್ತೀವಿ, ನಿಂತೋಗತ್ತೆ. ನೀವೇನ್ ಮಾಡ್ತೀರಾ?"

"ಓದ್ತೀವಿ ಮಾವ. ಎಲ್ಲಿ ತಪ್ಪಿದೆ ಅಂತ ಹುಡುಕ್ತೀವಿ. ತಿದ್ದೋಕೆ ಇನ್ನೂ ಬರಲ್ಲ."

ನನ್ನ ವಿದ್ಯೆಯಲ್ಲಿ ಗಾಳಿ ಹೊರಗಿನಿಂದ ಬರಬೇಕು. ನಿಂತ ವಿಮಾನ ನಡುಗುವುದಿಲ್ಲ. ಕೆಲವೇ ಸಾಲಿನ ಸಮೀಕರಣ, ಸರಿಯೋ ತಪ್ಪೋ ಎಂದು ಪರೀಕ್ಷೆ ಮಾಡಿ ನೋಡಬಹುದು. ಅವನ ವಿದ್ಯೆಯಲ್ಲಿ ಗಾಳಿಯೇ ಇಲ್ಲ. ಕೋಟಿಗಟ್ಟಲೆ ಅಕ್ಷರ, ಎಲ್ಲವೂ ಹಿಂದಿನವರು ದಾಟಿಸಿದ್ದು. ಓದುತ್ತಾ ವರ್ಷಗಟ್ಟಲೆ ಕಾಯಬೇಕು. ಇದೇನು ವಿಜ್ಞಾನವೋ ಶಾನುಭೋಗರ ಕೆಲಸವೋ ಎಂದು ಅವನನ್ನು ರೇಗಿಸುತ್ತಿದ್ದವನು ನಾನು. ಅವತ್ತು ರೇಗಿಸಲಿಲ್ಲ.

ಅವನು ಹೊರಟಾಗ ಮಗಳು ಅಂಗಳಕ್ಕೆ ಇಳಿದಳು.

"ಮಾವನ ಜೊತೆ ರೋಡ್‌ವರ್ಗೂ ಓಡ್ಲಾ ಅಪ್ಪಾ?"

ನಮ್ಮ ಆಫೀಸಿನ ವರದಿಗಳ ಕೊನೆಯಲ್ಲಿ ಒಂದು ವೇಗ ಬರೆದು, ಇದನ್ನು ಮೀರಬಾರದು ಎಂದು ಸೂಚಿಸುವುದು ವಾಡಿಕೆ. ಮೀರದಿದ್ದರೆ ಏನೂ ಆಗುವುದಿಲ್ಲ.

"ಬೇಡ ಕಣಮ್ಮ, ನಿಧಾನಕ್ಕೆ ಹೋಗು" ಎಂದೆ.

ಅವಳು ನಿಧಾನವಾಗಿಯೇ ಹೋದಳು. ಗೇಟಿನ ಹತ್ತಿರ ಬಿದ್ದಳು.