ಕವಳಿ ಕಂಟಿ: ಹುಂಜೋ ಹ್ಯಾಟಿಯೋ

ಆಗೆಲ್ಲ ಬೇಸಿಗೆ ಅಂದರೆ ಮೈತುಂಬ ಗೀರು. ಖಾನಾಪುರ ಕಡೆಯ ನಮ್ಮೂರಿನ ಮೇಲೆ ಕಲ್ಲಿನ ಮಡ್ಡಿ ಇತ್ತು. ಅಲ್ಲಿ ಹುಲ್ಲು ಸಹ ನೆಟ್ಟಗೆ ಬೆಳೆಯುತ್ತಿರಲಿಲ್ಲ. ಕವಳಿ ಕಂಟಿ ಮಾತ್ರ ಬಂಡೆಯ ಸಂದಿಗೆ ಬೇರು ತುರುಕಿ, ಯಾರ ಹಂಗೂ ಇಲ್ಲದೆ ನಿಂತಿರುತ್ತಿತ್ತು. ಶಿವರಾತ್ರಿ ಹೊತ್ತಿಗೆ ಬಿಳಿ ಹೂವು, ಮಲ್ಲಿಗೆಯಂಥ ವಾಸನೆ. ಮುಡಿಯೋಣವೆಂದು ಕೈ ಚಾಚಿದರೆ ಮುಳ್ಳು ಸೀಳುತ್ತಿತ್ತು. ಬಿಸಿಲು ಏರಿದ ಮೇಲೆ ಕರಿ ಹಣ್ಣು.

ಹಣ್ಣನ್ನು ಸುಮ್ಮನೆ ತಿನ್ನುವ ಹಾಗಿರಲಿಲ್ಲ. ಅರ್ಧ ಕಚ್ಚಿ ಒಳಗೆ ನೋಡಬೇಕು. ತಿರುಳು ಕೆಂಪಗಿದ್ದರೆ ಹುಂಜ, ಬೆಳ್ಳಗಿದ್ದರೆ ಹ್ಯಾಟಿ, ಅಂದರೆ ಹೆಣ್ಣುಕೋಳಿ. ಹುಂಜ ಸಿಕ್ಕವರು ಗೆದ್ದರು. ಬಾಜೂ ಮನೆಯ ಮರಾಠಿ ಹುಡುಗರು ‘ಕೋಂಬಡಾ, ಕೋಂಬಡೀ’ ಎಂದು ಕೂಗುತ್ತಿದ್ದರು. ಆಟ ಅದೇ, ಜಗಳವೂ ಅದೇ. ಗೆಲುವು ಹುಂಜಕ್ಕೇ ಯಾಕೆ ಎಂದು ಯಾರೂ ಕೇಳುತ್ತಿರಲಿಲ್ಲ.

ಎಲ್ಲಕ್ಕಿಂತ ದೊಡ್ಡ ಕಂಟಿ ಮಡ್ಡಿಗೆ ಹತ್ತಿದ ನಮ್ಮ ಹೊಲದ ಅಂಚಿಗಿತ್ತು. ಅವ್ವ ಅದರ ಹಣ್ಣನ್ನು ಬುಟ್ಟಿಯಲ್ಲಿ ಹೊತ್ತು ಶಹಾಪುರದ ಓಣಿಗಳಲ್ಲಿ ಮಾರಿ ಬರುತ್ತಿದ್ದಳು. ಆ ರೊಕ್ಕ ಅವ್ವನದು, ಗಂಡಸರು ಕೇಳುವಂತಿರಲಿಲ್ಲ. ನಾನು ಉಡುವ ಪರಕಾರ, ಬರೆಯುವ ಪಾಟಿ ಬಂದದ್ದು ಅದರಿಂದಲೇ.

ಒಂದು ವರ್ಷ ದೊಡ್ಡಪ್ಪನ ಆಡಿನ ದೊಡ್ಡಿಯ ಬೇಲಿಗೆ ಗೆದ್ದಲು ಹತ್ತಿತು. ಕೊಡಲಿ ಹೊತ್ತು ಮಡ್ಡಿಗೆ ಬಂದ. ಅವ್ವ, ನಾನು ಹಣ್ಣು ಬಿಡಿಸುತ್ತಿದ್ದೆವು.

“ಇದೊಂದು ಕಂಟಿ ಕಡದರ ದೊಡ್ಡಿಗೆಲ್ಲ ಮುಳ್ಳ ಸಾಲತೈತಿ. ಬಾಜೂಕ ಸರೀರಿ.”

“ಭಾವಾರ, ಹಣ್ಣು ತುಂಬ್ಯಾವ್ರೀ. ಬ್ಯಾರೆ ಮುಳ್ಳು ಅದಾವಲ್ರೀ” ಅಂದಳು ಅವ್ವ.

“ತ್ವಾಳ ಬಂದ್ರ ಹಣ್ಣು ಕೊಟ್ಟು ಕಳಸ್ತಿ ಏನ?”

ಅವ್ವ ಸೆರಗು ಎಳೆದುಕೊಂಡು ಹಿಂದೆ ಸರಿದಳು. ನಾನು ಹೋಗಿ ಕಂಟಿಯ ಬುಡಕ್ಕೆ ಕುಳಿತೆ.

“ಏಳ, ಗಂಗಿ.”

“ಏಳಂಗಿಲ್ಲ.”

“ಕಾಲಿಗೆ ಬಿದ್ದೀತು ಕೊಡ್ಲಿ.”

“ಬೀಳ್ಳಿ.”

ದೊಡ್ಡಪ್ಪನಿಗೆ ನಗು ಬಂತು. “ಹಂಗಾರ ನಿಮ್ಮ ಆಟಾನ ಆಡೂಣು. ಮೊದಲ ನೀ ಒಂದ ಹಣ್ಣ ಕಡಿ. ಹುಂಜ ಬಂದ್ರ ಕಂಟಿ ನಿಮ್ದು. ಹ್ಯಾಟಿ ಬಂದ್ರ ಆಮ್ಯಾಲ ನಾ ಕಡೀತನಿ.”

“ಖರೇ?”

“ಖರೇ.”

ಎಲ್ಲಕ್ಕಿಂತ ಕರ್ರಗಿದ್ದುದನ್ನು ಹುಡುಕಿ ಕಚ್ಚಿದೆ. ತುಟಿಗೆ ಹಣ್ಣಿನ ಹಾಲು ಗೋಂದಿನಂತೆ ಅಂಟಿತು. ಒಳಗೆ ನೋಡಿದರೆ ಬೆಳ್ಳಗೆ.

“ಹ್ಯಾಟಿ! ಏಳಿನ್ನ” ಎಂದು ದೊಡ್ಡಪ್ಪ ಅಂಗೈಗೆ ಉಗುಳಿಕೊಂಡು ಕೊಡಲಿ ಹಿಡಿದ.

“ಹ್ಯಾಟಿ ಐತಿ, ಅದಕ್ಕ ಕಡೀಬ್ಯಾಡ” ಅಂದೆ. “ಮೊನ್ನಿ ಬೀಗರು ಬಂದಾಗ ಏನ ಕೊಯ್ಸಿದಿ? ಹುಂಜಾನ. ತತ್ತಿ ಇಡೂ ಹ್ಯಾಟೀನ ಯಾರರ ಕೊಯ್ತಾರೇನ? ದೊಡ್ಡವ್ವ ಬಿಡ್ತಾಳೇನ ನಿನ್ನ?”

ಅವ್ವ ನಕ್ಕುಬಿಟ್ಟಳು. ಭಾವನ ಎದುರು ಅವಳು ನಕ್ಕದ್ದನ್ನು ನಾನು ಅದಕ್ಕೂ ಮೊದಲು ಕಂಡಿರಲಿಲ್ಲ. ದೊಡ್ಡಪ್ಪ ಒಮ್ಮೆ ಕಂಟಿ ನೋಡಿದ, ಒಮ್ಮೆ ನನ್ನನ್ನು.

“ಕವಳಿ ಹಾಲು ಹತ್ತಿದ್ರೂ ಈಕಿ ಬಾಯಿ ಮುಚ್ಚಲಿಲ್ಲಲ್ಲ!” ಎನ್ನುತ್ತ ಹಳ್ಳದ ಕಡೆ ಹೋಗಿ ಜಾಲಿ ಮುಳ್ಳು ಕಡಿದುಕೊಂಡ.

ಅಂದಿನಿಂದ ನಮ್ಮ ಆಟದಲ್ಲಿ ಹ್ಯಾಟಿ ಸಿಕ್ಕವರೇ ಗೆದ್ದವರು. ಹುಡುಗರು ತಕರಾರು ಮಾಡಿದರು. ನಾನು ಕೇಳಲಿಲ್ಲ. ನಮ್ಮ ಕಂಟಿಯ ಹಣ್ಣು ಬೇಕಿದ್ದವರು ಒಪ್ಪಿಕೊಂಡರು.

ಈಗ ಆ ಮಡ್ಡಿಯೇ ಇಲ್ಲ. ಕಲ್ಲಿಗಾಗಿ ಅಗೆದರು, ಕಂಟಿ ಮಶೀನಿನ ಬಾಯಿಗೆ ಹೋಯಿತು. ಹುಂಜವೋ ಹ್ಯಾಟಿಯೋ ಎಂದು ಅದನ್ನು ಯಾರೂ ಕೇಳಲಿಲ್ಲ, ಬುಡಕ್ಕೆ ಯಾರೂ ಕುಳಿತುಕೊಳ್ಳಲಿಲ್ಲ. ಅವ್ವನೂ ಇಲ್ಲ, ದೊಡ್ಡಪ್ಪನೂ ಇಲ್ಲ. ಪೇಟೆಯಲ್ಲಿ ಕವಳಿ ಪ್ಲಾಸ್ಟಿಕ್ ಗ್ಲಾಸಿನಲ್ಲಿ ಬರುತ್ತದೆ. ಮೊಮ್ಮಕ್ಕಳು ಒಳಗೆ ನೋಡದೆಯೇ ಬಾಯಿಗೆ ಹಾಕಿಕೊಳ್ಳುತ್ತಾರೆ.

ಅವರು ಉಗುಳಿದ ಬೀಜವನ್ನೇ ಪೀರನವಾಡಿಯ ನಮ್ಮ ಮನೆಯ ಗೇಟಿನ ಬಾಜೂಕೆ ಊರಿದೆ. ಕಂಟಿ ಸೊಂಟದವರೆಗೆ ಬಂದಿದೆ. ಮೊನ್ನೆ ಮಗ ಅಂದ:

“ಯವ್ವಾ, ಅಲ್ಲಿ ಫರ್ಸಿಕಲ್ಲ ಹಾಕಸೂದೈತಿ. ಆ ಮುಳ್ಳಕಂಟಿ ತಗಸೂಣು.”

“ಮೊದಲ ನನ್ನ ತಗಸು” ಅಂದೆ.

ಕಂಟಿ ಇನ್ನೂ ಹಣ್ಣು ಬಿಟ್ಟಿಲ್ಲ. ಹುಂಜವೋ ಹ್ಯಾಟಿಯೋ ನನಗೂ ಗೊತ್ತಿಲ್ಲ. ಗೊತ್ತಾಗುವ ತನಕ ಅದಕ್ಕೆ ಯಾರೂ ಕೈ ಹಚ್ಚುವಂತಿಲ್ಲ. ಗೊತ್ತಾದ ಮೇಲೂ ಹಚ್ಚುವಂತಿಲ್ಲ.