ಅಂಗೈ ನೀರಿನ ರುಚಿ ನೋಡುವ ಹುಲಿಗವ್ವ

ಆನೆಗೊಂದಿಯ ಹೊಳೆದಂಡೆಗೆ ಇನ್ನೂ ಬಿಸಿಲು ಬಿದ್ದಿಲ್ಲ. ಮೊಣಕಾಲುದ್ದ ನೀರಿನಲ್ಲಿ ನಿಂತ ಮಡಿವಾಳರ ಹುಲಿಗವ್ವ ಉದ್ದನೆಯ ಬಿಳಿ ಬಟ್ಟೆಯ ಅಂಚು ಹಿಂಡಿ, ಇಳಿದ ನೀರನ್ನು ಅಂಗೈಯಲ್ಲಿ ಹಿಡಿದು ನಾಲಗೆಗೆ ತಾಕಿಸುತ್ತಾಳೆ. ಮುಖ ಕಿವುಚುತ್ತಾಳೆ.

“ಇನ್ನೂ ಸೋಡಾ ಐತಿ. ಮತ್ತ ಜಾಲಿಸು.”

ಸೊಸೆ ಗಾಳೆಮ್ಮ ಸೊಂಟ ನೀವಿಕೊಂಡು ಬಟ್ಟೆಯನ್ನು ಮತ್ತೆ ಹೊಳೆಗೆ ಬಿಡುತ್ತಾಳೆ. ಅತ್ತೆಯ ನಾಲಗೆ ಒಪ್ಪುವವರೆಗೆ ಅವಳಿಗೆ ಬಿಡುಗಡೆಯಿಲ್ಲ.

ಬಟ್ಟೆಗೇ ನಾಲಗೆ ಹಚ್ಚಿದರೆ ಇನ್ನೂ ಸಲೀಸಲ್ಲವೇ ಎಂದು ಕೇಳುತ್ತೇನೆ. ಹುಲಿಗವ್ವ ಹೌಹಾರುತ್ತಾಳೆ. “ಯಪ್ಪಾ, ಎಂಜಲ ಆಗೂದಿಲ್ಲೇನ್ರಿ? ಮದುಮಕ್ಕಳು ನಡಿಯೋ ಬಟ್ಟಿ ಇದು!”

ಇದು ನಡೆಮಡಿ. ಮದುಮಕ್ಕಳು ಹಂದರದೊಳಗೆ ಬರುವಾಗ ಅವರ ಕಾಲಡಿ ಹಾಸುವ ಬಟ್ಟೆ. ಇಂದು ಸಂಜೆ ಬಾಳೆಕಾಯಿ ವ್ಯಾಪಾರದ ಮನೆಯ ಕಳಕಮ್ಮನವರ ಕಿರಿಯ ಮಗಳ ಲಗ್ನ. ಆ ಮನೆಗೆ ನಡೆಮಡಿ ಹಾಸುವ ಹಕ್ಕು ಹುಲಿಗವ್ವನಿಗೆ ಅತ್ತೆಯಿಂದ ಬಂದದ್ದು. ಆ ಹಕ್ಕಿನ ಜೊತೆಗೇ ವರ್ಷವಿಡೀ ಅವರ ಮನೆಯ ಬಟ್ಟೆ ಒಗೆಯುವ ಕೆಲಸ, ಸುಗ್ಗಿಯಲ್ಲಿ ಕಾಳು. ಗಂಡ ತೀರಿಕೊಂಡ ಮೇಲೆ ಸಂಸಾರ ನಿಂತದ್ದೇ ಅದರ ಮೇಲೆ.

“ಅವರ ಹಿರೇ ಮಗಳ ಲಗ್ನದಾಗ ಎಲ್ಲಾ ಕೈಬಿಟ್ಟು ಹೋಗತಿತ್ರಿ,” ಎನ್ನುತ್ತಾಳೆ.

ಅಲ್ಲಿಯವರೆಗೆ ಬಟ್ಟೆ ಒಗೆಯಲು ಅವಳು ಕಂಡದ್ದು ಸವಳು ಮಣ್ಣು ಮಾತ್ರ. ಬಟ್ಟೆ ಇನ್ನಷ್ಟು ಬೆಳ್ಳಗಾಗಲೆಂದು ಕಳಕಮ್ಮನವರು ಗಂಗಾವತಿ ಬಜಾರದಿಂದ ಸೋಡಾ, ನೀಲಿ ಪುಡಿ ತರಿಸಿಕೊಟ್ಟರು. ಒಂದೇ ಗಡಿಗೆಯಲ್ಲಿ ಎಲ್ಲ ಬೇಯಿಸಿ ರೂಢಿಯಾದ ಹುಲಿಗವ್ವ ಎರಡನ್ನೂ ಒಟ್ಟಿಗೆ ಸುರಿದು ಕುದಿಸಿದಳು. ಬಂಡೆಯ ಮೇಲೆ ಹರವಿದ ಬಟ್ಟೆ ಒಣಗುತ್ತಿದ್ದಂತೆ ಅಲ್ಲಲ್ಲಿ ಹಳದಿ ಎದ್ದಿತು. ಗಾಬರಿಯಿಂದ ಇನ್ನಷ್ಟು ಸೋಡಾ ಹಾಕಿ ಉಜ್ಜಿದಳು. ಹಳದಿ ಮತ್ತಷ್ಟು ಗಟ್ಟಿಯಾಯಿತು. ನೋಡಲು ಬಂದ ಕಳಕಮ್ಮನವರು ಸಿಡಿದೆದ್ದರು: “ನಾಳಿಗಿ ಇದು ಬಿಳೀದಾಗದಿದ್ರ ಬ್ಯಾರೇದವರನ್ನ ಕರಸ್ತೀನಿ. ಮುಂದ ನಮ್ಮ ಮನಿ ಬಟ್ಟಿ ಮುಟ್ಟಬ್ಯಾಡ.”

ಬಾಗಿಲಲ್ಲಿ ಅಳುತ್ತ ಕೂತವಳ ಕೈಯಿಂದ ನಡೆಮಡಿಯನ್ನು ಎಳೆದು ನೋಡಿದವಳು ನೆರೆಮನೆಯ ಗೌಸಬೀ. “ಟ್ರಂಕಿನ ತುಕ್ಕು ಬಟ್ಟಿಗೆ ಹತ್ತತೈತಲ್ಲ, ಹಂಗ ಕಾಣ್ತೈತವ್ವಾ. ನಿಂಬಿಹಣ್ಣು, ಉಪ್ಪು ಹಚ್ಚಿ ಬಿಸಿಲಿಗೆ ಹಾಕು,” ಎಂದು ಉಪ್ಪಿನಕಾಯಿಗೆ ಇಟ್ಟಿದ್ದ ನಿಂಬೆಹಣ್ಣನ್ನೆಲ್ಲ ತಂದು ಸುರಿದಳು. ಇಬ್ಬರೂ ಕೂತು ಕಲೆಗೊಂದು ಹೋಳಿನಂತೆ ತಿಕ್ಕಿದರು. ಬಿಸಿಲಿಗೆ ಒಂದೊಂದೇ ಕಲೆ ಕರಗಿತು.

“ಗೌಸಬೀನ ತೆಕ್ಕಿಬಿದ್ದು ಮತ್ತ ಅತ್ತಬಿಟ್ಟೆ ನೋಡ್ರಿ. ಆ ವರ್ಷ ಆಕಿ ಮನ್ಯಾಗ ಉಪ್ಪಿನಕಾಯಿನ ಇಲ್ಲ!” ಹುಲಿಗವ್ವ ಈಗ ಹೊಟ್ಟೆ ಹಿಡಿದು ನಗುತ್ತಾಳೆ.

ಎರಡೂ ಕೂಡಿದ್ದಕ್ಕೇ ಹಳದಿ ಎದ್ದದ್ದೆಂದು ಅರಿತ ಅಂದಿನಿಂದ ಸೋಡಾದ ಗಡಿಗೆ ಬೇರೆ, ನೀಲಿಯ ಗಡಿಗೆ ಬೇರೆ. ಸೋಡಾ ಪೂರ್ತಿ ಹೋಗುವವರೆಗೆ ಬಟ್ಟೆಯನ್ನು ನೀಲಿಯಲ್ಲಿ ಅದ್ದುವುದಿಲ್ಲ. “ಅವೆರಡೂ ಸವತ್ಯಾರಿದ್ದಂಗ್ರಿ, ಒಂದ ಗಡಿಗ್ಯಾಗ ಇರಾಂಗಿಲ್ಲ.” ಹತ್ತಾರು ಮನೆಯ ಬಟ್ಟೆಯ ನೀರು ನೆಕ್ಕಿ ನೆಕ್ಕಿ ನಾಲಗೆ ಸುಲಿದಿದೆ. ಖಾರ ತಾಳದೆ ರೊಟ್ಟಿಯನ್ನು ಮಜ್ಜಿಗೆಯಲ್ಲಿ ಮುರಿದು ಉಣ್ಣುತ್ತಾಳೆ.

ಗಾಳೆಮ್ಮ ಈಗ ಬಟ್ಟೆಯನ್ನು ತಾನೇ ಹಿಂಡಿ, ಅಂಗೈ ನೀರು ನೆಕ್ಕಿ, ಅತ್ತೆಯತ್ತ ನೋಡುತ್ತಾಳೆ. “ಬರೇ ಹೊಳಿ ನೀರು, ಅತ್ತಿ.” ಹುಲಿಗವ್ವ ತಾನೂ ಒಂದು ಹನಿ ನೋಡಿ ತಲೆಯಾಡಿಸುತ್ತಾಳೆ. ನೀಲಿಯಲ್ಲಿ ಅದ್ದಿ ತೆಗೆದ ಬಟ್ಟೆ ಬಂಡೆಯ ಮೇಲೆ ಒಣಗುವಷ್ಟು ಹೊತ್ತೂ ಅವಳು ಕೂತಲ್ಲಿಂದ ಏಳುವುದಿಲ್ಲ. ಹಳದಿ ಎದ್ದಿಲ್ಲ. ಅವಳ ಉಸಿರಿನ ಜೊತೆ ನನ್ನದೂ ಹಗುರಾಗುತ್ತದೆ.

ಸಂಜೆ ಹಂದರದಲ್ಲಿ ವಾಲಗ ಶುರುವಾಗಿದೆ. ಎಲ್ಲರ ಕಣ್ಣು ಮದುಮಗಳ ಮೇಲಿದ್ದರೆ ಹುಲಿಗವ್ವನ ಕಣ್ಣು ನೆಲದ ಮೇಲೆ. ಮದುಮಗಳು ಬಟ್ಟೆಯ ಅಂಚಿಗೆ ಬಂದು ತಟ್ಟನೆ ನಿಲ್ಲುತ್ತಾಳೆ. ಕಳಕಮ್ಮನವರು ನಗುತ್ತ ಹುಲಿಗವ್ವನತ್ತ ತಿರುಗುತ್ತಾರೆ. “ಇಷ್ಟು ಬೆಳ್ಳಗ ಮಾಡಿದ್ರ ಹುಡುಗಿಗೆ ಕಾಲಿಡಾಕ ಮನಸರ ಹೆಂಗ ಬರಬೇಕ, ಹುಲಿಗವ್ವಾ?”

“ಇಡ್ರೆವ್ವಾ, ಹೊಲಸ ಮಾಡ್ರಿ,” ಎನ್ನುತ್ತಾಳೆ ಹುಲಿಗವ್ವ. “ಒಗಿಯಾಕ ನಾ ಅದೀನಲ್ರಿ.”